ಬಿದ್ದವರಿಗೊಂದು ಸೀಟಿ

ನನ್ನ ಅಕ್ಕ ಬಿದ್ದದ್ದನ್ನು ನಾನು ನೋಡಿದ್ದು ಸಹೋದ್ಯೋಗಿಯ ಮೊಬೈಲಿನಲ್ಲಿ. ಆಳಂದದ ನಮ್ಮ ಶಾಲೆಯ ಸ್ಟಾಫ್ ರೂಮಿನಲ್ಲಿ ಊಟಕ್ಕೆ ಕೂತಿದ್ದೆ. ಅವರು ನಗುತ್ತ ಮೊಬೈಲು ನನ್ನ ಮುಂದೆ ಹಿಡಿದರು.

"ನೋಡ್ರಿ ಸರ್, ನೀವು ಹುಡುಗರಿಗೆ ತೋರಸ್ತೀರಲ್ಲ ಹಳೇ ಕಾರ್ಟೂನು, ಹಂಗೇ ಅದ."

ಆಳಂದದ ಬಸ್ ನಿಲ್ದಾಣದ ಕೆಸರು. ಹಸಿರು ಸೀರೆಯ ಹೆಂಗಸೊಬ್ಬಳು ಚೀಲ ಹಿಡಿದು ಓಡಿಬಂದು ಜಾರುತ್ತಾಳೆ. ಜಾರುವಾಗ ಸುಂಯ್ ಎಂದು ಇಳಿಯುವ ಸೀಟಿ, ನೆಲಕ್ಕೆ ಬಿದ್ದಾಗ ತಗಡು ಬಡಿದ ಸದ್ದು. ಮತ್ತೆ ಮೊದಲಿನಿಂದ ಓಟ, ಸೀಟಿ, ತಗಡು. ಆಗ ಮುಖ ಗುರುತಾಯಿತು. ಹಿಂದಿನ ದಿನವೇ ಅಕ್ಕ ಫೋನು ಮಾಡಿ, ಜಾರಿ ಬಿದ್ದು ಮುಂಗೈ ಮುರಿದಿದೆ ಎಂದಿದ್ದಳು.

"ಇಕಿ ನಮ್ಮಕ್ಕರಿ," ಎಂದೆ.

ಅವರ ನಗು ನಿಂತಿತು. ಮೊಬೈಲು ಕೆಳಗಿಟ್ಟು, "ತಪ್ಪು ತಿಳ್ಕೋಬ್ಯಾಡ್ರಿ ಸರ್. ಆದ್ರ ಸಪ್ಪಳ ಮಾತ್ರ ಬರೋಬರಿ ಕೂಡಿಸ್ಯಾನ," ಎಂದರು.

ಊಟದ ಡಬ್ಬಿ ಮುಚ್ಚಿದೆ.

ನಾನು ಚಿತ್ರಕಲೆಯ ಮೇಷ್ಟ್ರು. ಆ ಸೀಟಿ ನನಗೆ ಚೆನ್ನಾಗಿ ಗೊತ್ತು. ಹಳೆಯ ಕಪ್ಪು-ಬಿಳುಪು ಕಾರ್ಟೂನುಗಳಲ್ಲಿ ಯಾರಾದರೂ ಗುಡ್ಡದಿಂದ ಉರುಳಿದರೆ ಅದೇ ಸದ್ದು. ಅಲ್ಲಿ ಮೈಯೆಂದರೆ ಬರೀ ಮಸಿ. ರೋಡ್ ರೋಲರ್ ಹರಿದು ಹಾಳೆಯಂತಾದವನೂ ಮೈ ಕೊಡವಿ ನಡೆದುಹೋಗುತ್ತಾನೆ. ಚಿತ್ರಕಾರ ಬೀಳುವುದನ್ನು ಎಷ್ಟು ಶ್ರದ್ಧೆಯಿಂದ ಬರೆದನೋ ಏಳುವುದನ್ನೂ ಅಷ್ಟೇ ಶ್ರದ್ಧೆಯಿಂದ ಬರೆದಿರುತ್ತಾನೆ. ಆ ಸದ್ದು ಕದ್ದು ವಿಡಿಯೊಗೆ ಕೂಡಿಸಿದವನಿಗೆ ಏಳುವುದು ಬೇಕಾಗಿರಲಿಲ್ಲ.

ಸಂಜೆ ಅಕ್ಕನ ಊರು ನರೋಣಾಕ್ಕೆ ಹೋದೆ. ಅಕ್ಕ ಪ್ಲಾಸ್ಟರಿನ ಕೈ ದಿಂಬಿನ ಮೇಲಿಟ್ಟುಕೊಂಡು ಕೂತಿದ್ದಳು.

"ನಾನೂ ನೋಡೇನಿ ತಮ್ಮಾ," ಎಂದಳು. "ನಾ ಎದ್ದಿದ್ದು, ಚೀಲ ಎತಿಗೊಂಡಿದ್ದು, ಯಾವುದೂ ಹಾಕಿಲ್ಲ. ವಿಡಿಯೊ ಹಿಡದವ್ರು ಯಾರೋ ಗೊತ್ತಿಲ್ಲ. ಎಬ್ಬಸಾಕ ಒಬ್ಬರೂ ಬರಲಿಲ್ಲ, ಅದಷ್ಟು ಗೊತ್ತದ."

ಪಕ್ಕದ ಮನೆಯ ಹೆಂಗಸು ಮಾತಾಡಿಸಲು ಬಂದಳು. ನೋವು ಹೇಗಿದೆ ಎಂದು ಕೇಳಿ, ಚಹಾ ಕುಡಿಯುತ್ತ ಕೂತವಳು ಇದ್ದಕ್ಕಿದ್ದಂತೆ ಸೆರಗು ಬಾಯಿಗೆ ಒತ್ತಿಕೊಂಡಳು.

"ಸಿಟ್ಟಾಗಬ್ಯಾಡ ಬೇ. ಆ ಸೀಟಿ ನೆನಪಾದ್ರ ನಗು ತಡಿಯಾಕ ಆಗವಲ್ದು."

ಮನೆಗೆ ಬಂದವಳೆಂದು ಅಕ್ಕನೂ ಚೂರು ನಕ್ಕಳು. ಅದನ್ನು ನೋಡಿ ನಾನು ಎದ್ದು ಅಂಗಳಕ್ಕೆ ಹೋದೆ.

ದೂರು ಕೊಟ್ಟು ಆ ವಿಡಿಯೊ ತೆಗೆಸಿದೆ. ಕೆಲವೇ ದಿನಗಳಲ್ಲಿ ಜೇವರ್ಗಿ ಕಡೆಯ ನೆಂಟರ ವಾಟ್ಸಾಪ್ ಗುಂಪಿನಲ್ಲಿ ಮತ್ತೆ ಬಂತು, ಕೆಳಗೆ ಸಾಲಾಗಿ ನಗುಮುಖಗಳು.

ಅಕ್ಕನ ಕೈ ಕೂಡಿದೆ. ಈಗ ಆಳಂದಕ್ಕೆ ಬಂದರೆ, ಬಸ್ಸು ನಿಂತರೂ ಸೀಟು ಬಿಡುವುದಿಲ್ಲ. ಎಲ್ಲರೂ ಇಳಿದು ಚದುರಿದ ಮೇಲೆ ಮೆಲ್ಲಗೆ ಇಳಿಯುತ್ತಾಳೆ.