ತಾಯಾ ನಕ್ಕ ಜಾಗ

1971ರ ಮಾರ್ಚ್ ಹದಿನಾರು, ಮಂಗಳವಾರ ಬೆಳಿಗ್ಗೆ ಹನ್ನೊಂದು ಗಂಟೆ ಇಪ್ಪತ್ತು ನಿಮಿಷ. ಮಾಸ್ಕೋದ ಕಾರ್ಟೂನ್ ಸ್ಟುಡಿಯೋದ ಪ್ರದರ್ಶನ ಕೋಣೆಯ ಮೂರನೇ ಸಾಲಿನಲ್ಲಿ ಕೂತಿದ್ದ ಇನ್ನೊಕೆಂಟಿ ಲುಕಿಚ್, ಕೋಟಿನ ಜೇಬಿನೊಳಗೇ ಸ್ಟಾಪ್‌ವಾಚಿನ ಗುಂಡಿ ಒತ್ತಿದರು. ತೆರೆಯ ಮೇಲೆ ಹಿಮ ಬೀಳತೊಡಗಿತು.

ಅವರು ಓದಿದ್ದು ಉಷ್ಣಶಾಸ್ತ್ರ. ಒಂಬತ್ತು ವರ್ಷ ಬಾಯ್ಲರ್ ಕಾರ್ಖಾನೆಯಲ್ಲಿ ಒತ್ತಡ ಅಳೆದರು. ಕಾರ್ಖಾನೆಯ ಗೋಡೆಪತ್ರಿಕೆಗೆ ಬರೆದ ನಗೆಬರಹ ಯಾರದೋ ಕಣ್ಣಿಗೆ ಬಿದ್ದು ರಂಗದ ಹಾಸ್ಯಕ್ಕೆ, ಅಲ್ಲಿಂದ ಕಾರ್ಟೂನಿಗೆ ಬಂದರು. ಇಪ್ಪತ್ತೆರಡು ಚಿತ್ರ ಬರೆದಿದ್ದರು. ಪ್ರತಿಯೊಂದರಲ್ಲೂ ಅವರ ಹೆಸರು ತೆರೆಯ ಮೇಲೆ ಎರಡೇ ಸೆಕೆಂಡ್ ನಿಲ್ಲುತ್ತಿತ್ತು.

ನಗುವನ್ನೂ ಅವರು ಅಳೆದೇ ಬರೆದವರು. ಅಡುಗೆಮನೆಯಲ್ಲಿ ಹೆಂಡತಿ ತಾಯಾ ಬಕ್‌ವೀಟ್ ಕಾಳು ಆರಿಸುತ್ತಾ ಕೂತರೆ ಇವರು ಎದುರಿಗೆ ನಿಂತು ಓದುವರು. ಅವಳು ನಕ್ಕ ಜಾಗದಲ್ಲಿ ನೋಟ್‌ಬುಕ್ಕಿನಲ್ಲಿ ಚುಕ್ಕಿ ಇಡುವರು. ಚುಕ್ಕಿ ಬೀಳದ ಪುಟವನ್ನು ಹರಿದು ಹಾಕುವರು.

"ಸುಮ್ನೆ ಓದು ಕೇಶಾ, ಪೆನ್ಸಿಲ್ ಹಿಡ್ಕೊಂಡು ಡಾಕ್ಟ್ರ ಥರ ನನ್ನೇ ನೋಡ್ತಿದ್ರೆ ನಗು ಎಲ್ಲಿಂದ ಬರುತ್ತೆ?" ಎಂದು ಸಲಿಗೆಯ ಹೆಸರು ಹಿಡಿದು ಗದರುತ್ತಲೇ ಅವಳು ನಗುತ್ತಿದ್ದಳು.

ಹಿಂದಿನ ಅಕ್ಟೋಬರಿನಲ್ಲಿ ಒಂದು ದಿನ ಅವರು ಮರೆತು ಬಂದಿದ್ದ ಕನ್ನಡಕ ಕೊಡಲು ತಾಯಾ ಧ್ವನಿಮುದ್ರಣ ಕೋಣೆಗೆ ಬಂದಳು. ಒಳಗೆ ನಟಿಯೊಬ್ಬಳು ಏಳನೇ ಸಲ ನಗಲು ಹೆಣಗುತ್ತಿದ್ದಳು. ಅದನ್ನು ಕಂಡ ತಾಯಾಗೆ ನಗು ತಡೆಯಲಾಗಲಿಲ್ಲ. ಮೈಕು ಚಾಲೂ ಇತ್ತು. ಸಂಕಲನಕಾರ್ತಿ ನೊನ್ನಾ ಮೇಲಿನವರಿಗೆ ಹೇಳದೆ ಆ ನಗುವನ್ನೇ ಈ ಚಿತ್ರದ ಕೊನೆಗೆ ಜೋಡಿಸಿದಳು: ಚಳಿಗಾಲವಿಡೀ ಬಿದ್ದು ಸಿಕ್ಕಿದ ಒಂಟಿ ಕೈಗವಸುಗಳನ್ನೆಲ್ಲ ಕಾವಲುಗಾರ ಅಂಗಳದ ಹಗ್ಗಕ್ಕೆ ತೂಗುಹಾಕುತ್ತಾನೆ, ಮೇಲಿನ ಯಾವುದೋ ಕಿಟಕಿಯಿಂದ ಹೆಂಗಸೊಬ್ಬಳ ನಗು ಕೇಳುತ್ತದೆ.

ಫೆಬ್ರವರಿ ಮೂರಕ್ಕೆ ತಾಯಾ ತೀರಿಕೊಂಡಳು. ಅವಳ ದನಿ ಬೇರೆಲ್ಲೂ ಉಳಿದಿರಲಿಲ್ಲ.

ಚಿತ್ರ ಒಪ್ಪುವ ಮಂಡಳಿ ಏನನ್ನಾದರೂ ಕತ್ತರಿಸದೆ ಎದ್ದದ್ದಿಲ್ಲ. ಹಾಗಾಗಿ ಬರೆಯುವವರೆಲ್ಲ ಒಂದು ಹರಕೆಯ ಕುರಿ ಬಿಡುತ್ತಿದ್ದರು: ಕಣ್ಣಿಗೆ ಹೊಡೆಯುವಂಥ ಅಸಂಬದ್ಧವೊಂದನ್ನು ಸೇರಿಸಿದರೆ ಮಂಡಳಿ ಅದನ್ನು ಕಡಿದು ಉಳಿದದ್ದಕ್ಕೆ ಸಹಿ ಹಾಕುತ್ತಿತ್ತು. ಇನ್ನೊಕೆಂಟಿ ಲುಕಿಚ್‌ಗೆ ಆರು ಸಲ ಫಲಿಸಿದ್ದ ಉಪಾಯ. ಈ ಸಲ ಅವರು ಕಂಕುಳಲ್ಲಿ ಕಡತವಿಟ್ಟುಕೊಂಡು ಅಂಗಳ ದಾಟುವ ಹೆಬ್ಬಾತೊಂದನ್ನು ಬರೆದರು. ತಾಯಾಳ ನಗು ಎಷ್ಟು ಉದ್ದವೋ ಹೆಬ್ಬಾತಿನ ನಡಿಗೆಯೂ ಅಷ್ಟೇ ಉದ್ದ. ಹತ್ತು ನಿಮಿಷ ಮೀರುವಂತಿಲ್ಲ ಎಂಬುದು ನಿಯಮ; ಹೆಬ್ಬಾತು ಸೇರಿದರೆ ಮೀರುತ್ತದೆ, ತೆಗೆದರೆ ಹತ್ತಕ್ಕೆ ಸರಿಯಾಗಿ ನಿಲ್ಲುತ್ತದೆ.

"ಯಾಕಯ್ಯಾ ಇಷ್ಟು ಲೆಕ್ಕ?" ಎಂದಿದ್ದ ನಿರ್ದೇಶಕ ವಿಲೆನ್.

"ಅವರಿಗೆ ಹಸಿವೆ ಎಷ್ಟಿದೆಯೋ ಅಷ್ಟೇ ಬಡಿಸೋಣ ಅಂತ."

ತೆರೆಯ ಮೇಲೆ ಕೊನೆಯ ನಗು ಬಂದಾಗ ಅವರು ಜೇಬಿನೊಳಗೇ ಸ್ಟಾಪ್‌ವಾಚನ್ನು ಸೊನ್ನೆಯಿಂದ ಮತ್ತೆ ಓಡಿಸಿ, ನಗು ಮುಗಿದಾಗ ನಿಲ್ಲಿಸಿದರು. ದೀಪ ಹತ್ತಿತು. ಮಂಡಳಿಯ ಅಧ್ಯಕ್ಷೆ ಗ್ಲಾಫಿರಾ ಪಾವ್ಲೊವ್ನಾ ನಗುತ್ತಾ ಕನ್ನಡಕ ತೆಗೆದು ಕಣ್ಣೊರೆಸಿಕೊಳ್ಳುತ್ತಿದ್ದರು. ಅಲ್ಲಿಯವರೆಗೆ ಆಕೆ ನಕ್ಕದ್ದನ್ನು ಸ್ಟುಡಿಯೋದಲ್ಲಿ ಯಾರೂ ಕಂಡಿರಲಿಲ್ಲ.

"ಅಯ್ಯಯ್ಯೋ, ಆ ಹೆಬ್ಬಾತು! ಥೇಟ್ ನಮ್ಮ ಯೋಜನಾ ವಿಭಾಗದೋರ ಥರಾನೇ ನಡೆಯುತ್ತಲ್ರೀ!"

"ಅದನ್ನ ತೆಗೆದುಬಿಡೋಣ ಅಂತಲೇ ಇದ್ವಿ," ಇನ್ನೊಕೆಂಟಿ ಲುಕಿಚ್ ಗಡಬಡಿಸಿದರು. "ಕಥೆಗೂ ಅದಕ್ಕೂ ಸಂಬಂಧಾನೇ ಇಲ್ಲ."

"ನಿಮಗೇನು ತಲೆ ಕೆಟ್ಟಿದೆಯಾ, ಇನ್ನೊಕೆಂಟಿ ಲುಕಿಚ್? ಅದರ ಒಂದು ಗರಿ ಮುಟ್ಟಿದ್ರೂ ನಾನು ಸಹಿ ಹಾಕಲ್ಲ. ಆದ್ರೆ ಚಿತ್ರ ಉದ್ದ ಆಯ್ತು. ಕೊನೇಲಿ ಯಾರೋ ಹೆಂಗಸು ನಗ್ತಾಳಲ್ಲ, ಯಾರವಳು? ಮುಖಾನೂ ತೋರಿಸಿಲ್ಲ."

ಹೊರಗಿನವರ ದನಿ ಅನುಮತಿಯಿಲ್ಲದೆ ಸೇರಿಸಿದ್ದು ಗೊತ್ತಾದರೆ ನೊನ್ನಾಳ ಕೆಲಸ ಹೋಗುತ್ತಿತ್ತು. ನೊನ್ನಾ ಬಾಗಿಲ ಬಳಿ ಬಿಳಿಚಿಕೊಂಡು ನಿಂತಿದ್ದಳು.

"ಯಾರೂ ಅಲ್ಲ," ಎಂದರು ಇನ್ನೊಕೆಂಟಿ ಲುಕಿಚ್.

"ಯಾರೂ ಅಲ್ಲ ಅಂದ್ಮೇಲೆ ಯಾಕಿರಬೇಕು? ಎಷ್ಟು ಹೊತ್ತಿದೆ ಅದು?"

ಅವರು ಹೇಳಿದರು.

"ನೋಡಿ, ಹೇಳಿ ಮಾಡಿಸಿದ ಹಾಗಿದೆ!" ಆಕೆ ಪೆನ್ನಿನ ಮುಚ್ಚಳ ತೆಗೆದರು.

ಶುಕ್ರವಾರ ಅವರು ಧೈರ್ಯ ಮಾಡಿ ಸಂಕಲನ ಕೋಣೆಗೆ ಹೋದಾಗ ನೊನ್ನಾ ಕಂದು ಬಣ್ಣದ ಸುರುಳಿಯೊಂದನ್ನು ಕೈಗಿಟ್ಟಳು. ಐದು ಮೀಟರ್ ಉದ್ದದ ಧ್ವನಿಪಟ್ಟಿ.

"ಇನ್ನೊಕೆಂಟಿ ಲುಕಿಚ್... ಬುಧವಾರ ನನಗೆ ರಜೆ ಇತ್ತು. ಮೂಲ ಟೇಪನ್ನೂ ಇದನ್ನೂ ಸೇರಿಸಿ, ಕತ್ತರಿಸಿದ್ದನ್ನೆಲ್ಲ ಅಳಿಸಿಬಿಟ್ಟಿದ್ದಾರೆ, ಮತ್ತೆ ಬಳಸೋಕೆ ಅಂತ. ಇದರಲ್ಲಿ ಏನೂ ಇಲ್ಲ."

"ಇರಲಿ ಕೊಡಮ್ಮಾ," ಎಂದು ಅವರು ಅದನ್ನು ಕರವಸ್ತ್ರದಲ್ಲಿ ಸುತ್ತಿಕೊಂಡರು.

ಚಿತ್ರ ದೇಶವೆಲ್ಲ ಸುತ್ತಿತು. ಹೆಬ್ಬಾತನ್ನು ಕಂಡು ಮಕ್ಕಳು ಬಿದ್ದು ಬಿದ್ದು ನಕ್ಕರು. ಹಬ್ಬಕ್ಕೆ ಹೆಬ್ಬಾತಿನ ಅಂಚೆಕಾರ್ಡುಗಳೂ ಬಂದವು. ಇನ್ನೊಕೆಂಟಿ ಲುಕಿಚ್ ಆಮೇಲೆ ಮೂರು ಚಿತ್ರ ಬರೆದರು. ಅವುಗಳ ನೋಟ್‌ಬುಕ್ಕಿನಲ್ಲಿ ಒಂದೂ ಚುಕ್ಕಿಯಿಲ್ಲ. ಬಕ್‌ವೀಟಿನ ಡಬ್ಬಿಯ ಪಕ್ಕ, ಖಾಲಿ ಚಹಾ ಡಬ್ಬಿಯೊಳಗೆ ಐದು ಮೀಟರ್ ಮೌನ ಸುರುಳಿ ಸುತ್ತಿಕೊಂಡಿತ್ತು.

ಒಮ್ಮೆ ಚಹಾ ಕುಡಿಯುತ್ತಾ ವಿಲೆನ್ ಕೇಳಿಯೇಬಿಟ್ಟ: "ಅವತ್ತು ಆ ನಗು ಆರೇ ಸೆಕೆಂಡ್ ಅಂದಿದ್ರೆ ಆಗ್ತಿತ್ತಲ್ಲೋ ಕೇಶಾ! ಆರು ಸೆಕೆಂಡ್ ತೆಗೆದ್ರೆ ಸಾಲಲ್ಲ ಅಂತ ಬೇರೆ ಏನಾದ್ರೂ ಹುಡುಕ್ತಿದ್ರು. ಅಲ್ಲಿ ಗಡಿಯಾರ ಇದ್ದದ್ದು ನಿನ್ನ ಜೇಬಲ್ಲಿ ಮಾತ್ರ."

ಇನ್ನೊಕೆಂಟಿ ಲುಕಿಚ್‌ಗೂ ಅದು ಗೊತ್ತಿತ್ತು. ಆದರೆ ಅಧ್ಯಕ್ಷೆ ಕೇಳಿದ ಆ ಕ್ಷಣ ಅವರು ಜೇಬಿನಿಂದ ಸ್ಟಾಪ್‌ವಾಚು ತೆಗೆದು, ಬೆಳಕಿಗೆ ಹಿಡಿದು, ಬಾಯ್ಲರಿನ ಒತ್ತಡ ಓದುವಷ್ಟೇ ಸ್ಪಷ್ಟವಾಗಿ, ಎಲ್ಲರಿಗೂ ಕೇಳುವಂತೆ ಹೇಳಿದ್ದರು:

"ಹನ್ನೊಂದು ಸೆಕೆಂಡ್."