ಹರಿದ ಕಿವಿಯ ಮಂಗ

ಊರಿಗೆಲ್ಲ ಮೊಬೈಲ್ ಬರುತ್ತಿದ್ದ ವರ್ಷಗಳವು. ಕೊಪ್ಪದ ಕಾಲೇಜಿನಲ್ಲಿ ನಾನು ತತ್ವಶಾಸ್ತ್ರ ಪಾಠ ಮಾಡುತ್ತಿದ್ದೆ. ನನ್ನ ಎಂ.ಎ. ಸಹಪಾಠಿ ದೆಹಲಿಯಲ್ಲಿ ಅದೇ ವಿಷಯದ ದೊಡ್ಡ ಪ್ರಾಧ್ಯಾಪಕ. ಪ್ರಾಣಿಗಳ ಜೊತೆ ಮನುಷ್ಯ ಹೇಗೆ ನಡೆದುಕೊಳ್ಳಬೇಕು ಎಂಬುದು ಅವನ ಕ್ಷೇತ್ರ. ಅವನಿಗೆ ಹೆಸರು ತಂದ ಪ್ರಬಂಧ ಮಂಗಗಳದ್ದು. ಆ ಮಂಗಗಳು ನನ್ನವು.

ಹಿಂದೊಮ್ಮೆ ಅವನು ರಜೆಗೆ ಬಂದಿದ್ದಾಗ ಕಾಫಿ ಕುಡಿಯುತ್ತಾ ಆ ಸಂಗತಿ ಹೇಳಿದವನೇ ನಾನು. ನನ್ನದೂ ಸೇರಿ ಊರಿನ ತೋಟಗಳಲ್ಲಿ ಬಾಳೆಗೊನೆ ಹಾಳುಮಾಡುವ ಮಂಗಗಳನ್ನು ನಮ್ಮೂರಿನವರು ಬೋನಿನಲ್ಲಿ ಹಿಡಿದು, ಜೀಪಿನಲ್ಲಿ ಒಯ್ದು ನೆಮ್ಮಾರಿನ ಕಾಡಿಗೆ ಬಿಡುತ್ತಾರೆ. ನೆಮ್ಮಾರಿನವರು ಅವನ್ನೇ ಹಿಡಿದು ನಮ್ಮ ಕಡೆ ತಂದು ಬಿಡುತ್ತಾರೆ. ಹರಿದ ಕಿವಿಯ ಮಂಗವೊಂದು ಹಾಗೆ ಮೂರು ಸಲ ಹೋಗಿ ಬಂದಿತ್ತು.

ಶೃಂಗೇರಿಯಲ್ಲಿ ಅವನ ಉಪನ್ಯಾಸವಿದ್ದಾಗ ನಾನು ಮುಂದಿನ ಸಾಲಿನಲ್ಲೇ ಕೂತಿದ್ದೆ. ತನ್ನ ಕಾಟವನ್ನು ಪಕ್ಕದವನ ತೋಟಕ್ಕೆ ದಾಟಿಸುವುದು ನೀತಿಯಲ್ಲ ಎಂದ. ಜನ ಚಪ್ಪಾಳೆ ತಟ್ಟಿದರು. ಹರಿದ ಕಿವಿಯ ಕಥೆಯನ್ನೂ ಹೇಳಿ, "ಇದನ್ನು ನನಗೆ ಹೇಳಿದ್ದು ಕೊಪ್ಪದ ಕಡೆಯ ಒಬ್ಬ ಕೃಷಿಕರು" ಎಂದ. ಇಪ್ಪತ್ತು ವರ್ಷ ತತ್ವಶಾಸ್ತ್ರ ಹೇಳಿದ ನಾನು ಅವನ ಬಾಯಲ್ಲಿ ಬರೀ ಕೃಷಿಕನಾಗಿದ್ದೆ.

ಊಟದ ಹೊತ್ತಿಗೆ ಅವನು ಹೆಗಲ ಮೇಲೆ ಕೈ ಹಾಕಿ, "ಆ ಮಂಗ ಈಗ ಎಲ್ಲಿದೆ ಮಾರಾಯ?" ಎಂದು ಕೇಳಿದ.

"ಯಾರಿಗೆ ಗೊತ್ತು ಮಾರಾಯ" ಎಂದೆ.

ಅದು ಹಿಂದಿನ ದಿನವಷ್ಟೇ ಮತ್ತೆ ನಮ್ಮ ಬೋನಿಗೆ ಬಿದ್ದಿತ್ತು. ಮರುದಿನ ಬೆಳಿಗ್ಗೆ ಜೀಪಿನವನು ಎಂದಿನಂತೆ ನೆಮ್ಮಾರಿಗೆ ಹೊರಟ.

"ಅಲ್ಲಿಗೆ ಬೇಡ, ಹರಿಹರಪುರದ ಕಡೆ ತಿರುಗಿಸು" ಎಂದೆ.

ಅಲ್ಲಿ ಪ್ರಾಧ್ಯಾಪಕರ ಅಣ್ಣನ ಬಾಳೆತೋಟ ಗೊನೆ ಬಿಟ್ಟು ನಿಂತಿತ್ತು. ಬೋನಿನ ಬಾಗಿಲನ್ನು ನಾನೇ ಕೈಯಾರೆ ತೆಗೆದೆ.