ಜಾಲಿ ಮುಳ್ಳಿನ ಮೇಲೆ ಕೂತ ಬೆಣ್ಣೆ ಹಣ್ಣಿನ ಬೀಜ

ನಮ್ಮೂರು ಕೊಟ್ಟೂರಿನಿಂದ ಬಸ್ಸಿಗೆ ಅರ್ಧ ತಾಸಿನ ದಾರಿ. ಐದನೇ ತರಗತಿಗೆ ಶಾಲೆ ಬಿಟ್ಟವನು ನಾನು. ಆದರೆ ಬೀಜದ ವಿಷಯದಲ್ಲಿ ನನಗೆ ಯಾರೂ ಪಾಠ ಹೇಳಬೇಕಾಗಿಲ್ಲ. ಬಿತ್ತನೆಯ ದಿನ ಕೂರಿಗೆಗೆ ಮೊದಲ ಹಿಡಿ ಬೀಜ ಹಾಕಲು ಓಣಿಯವರು ನನ್ನನ್ನೇ ಕರೆಯುತ್ತಾರೆ. ನನ್ನ ಕೈಗುಣ ಒಳ್ಳೆಯದೆಂಬ ನಂಬಿಕೆ ಅವರದು. ಬೀಜ ಆರಿಸಿ, ಒಣಗಿಸಿ, ಬೂದಿ ಹಚ್ಚಿ ಕಾಯುವ ದುಡಿಮೆ ನನ್ನದು.

ಕಳೆದ ಬೇಸಿಗೆಯ ಆರಂಭದಲ್ಲಿ ಬಸುರಿ ಮಗಳಿಗೆ ಐದು ತಿಂಗಳು ತುಂಬಿತು. ಸೀಮಂತದ ಕುಬಸ ಮಾಡಿ ಮನೆಗೆ ಕರೆತಂದೆವು. ಅಳಿಯ ಹರಪನಹಳ್ಳಿಯಿಂದ ಬರುವಾಗೆಲ್ಲ ಬೆಣ್ಣೆ ಹಣ್ಣು ತರುತ್ತಿದ್ದ. ಡಾಕ್ಟರು ತಿನ್ನಲು ಹೇಳಿದ್ದರಂತೆ. ಮೊದಲ ಸಲ ಕತ್ತರಿಸಿದಾಗ ಒಳಗೆ ಲಿಂಬೆಕಾಯಿಯಷ್ಟು ದಪ್ಪದ ಬೀಜ! ತಿಪ್ಪೆಗೆ ಎಸೆಯಲು ಹೊರಟ ಹೆಂಡತಿಯ ಕೈಯಿಂದ ಕಸಿದುಕೊಂಡೆ.

"ಅಪ್ಪಾ, ಅದಕ್ಕ ಕಡ್ಡಿ ಚುಚ್ಚಿ ಅರ್ಧ ನೀರಾಗ ಇಡ್ತಾರ. ಮೊಬೈಲಿನ್ಯಾಗ ತೋರಿಸ್ಯಾರ," ಎಂದಳು ಮಗಳು.

"ಬೀಜಕ್ಕ ಯಾರಾರ ಚುಚ್ತಾರೇನವ್ವಾ? ನಿನ್ನ ಮೊಬೈಲು ಯಾವತ್ತಾದ್ರೂ ಹೊಲ ಮಾಡೈತೇನು?"

ಕುಂಬಳದ ಬೀಜಕ್ಕೆ ಮಾಡುವಂತೆಯೇ ಎಂಟು ದಿನ ಮಾಳಿಗೆಯ ಮೇಲೆ ಒಣಗಿಸಿದೆ. ಬೂದಿಯಲ್ಲಿ ಹೊರಳಿಸಿದೆ. ಹಳೆಯ ಪೇಂಟಿನ ಬಕೆಟ್ಟಿಗೆ ಕುರಿಗೊಬ್ಬರ ಕಲಸಿದ ಮಣ್ಣು ತುಂಬಿ ಊರಿದೆ. ಅಷ್ಟಕ್ಕೇ ಸುಮ್ಮನಿರದೆ ಓಣಿಗೆಲ್ಲ ಹೇಳಿಕೊಂಡು ಬಂದೆ.

ತಿಂಗಳಾಯಿತು, ಮೇಲೆ ಹದಿನೈದು ದಿನವೂ ಆಯಿತು. ಬಕೆಟ್ಟಿನಲ್ಲಿ ಗರಿಕೆ ಮಾತ್ರ ಹಸಿರಾಗಿ ಎದ್ದಿತ್ತು.

"ಏನ್ರೀ, ನಿಮ್ಮ ಬೆಣ್ಣಿ ಹಣ್ಣು ಗರಿಕಿ ಆಗಿ ಹುಟ್ಟೈತಲ್ಲ!" ಎಂದಳು ಹೆಂಡತಿ. "ಇರ್ಲಿ ಬಿಡ್ರಿ, ಗಣಪ್ಪಗಾದ್ರೂ ಏರಿಸಾಕ ಬರ್ತೈತಿ."

ಕೆದಕಿ ನೋಡಿದೆ. ಬೀಜ ಕರಿಕಟ್ಟಿಗೆಯಾಗಿ ಎರಡು ಹೋಳಾಗಿ ಬಿದ್ದಿತ್ತು. ಮಗಳು ಮೊಬೈಲು ನೋಡಿ ಹೇಳಿದಳು: ಈ ಬೀಜ ಒಣಗಿದರೆ ಸಾಯುತ್ತದೆ, ಹಸಿಯಾಗಿಯೇ ಇಡಬೇಕು. ನಾನು ಬದುವಿಗೆ ಹೋಗಿ ಗಟ್ಟಿಯಾದ ನಾಲ್ಕು ಜಾಲಿ ಮುಳ್ಳು ಮುರಿದು ತಂದು ಅವಳ ಮುಂದಿಟ್ಟೆ.

ಅವಳು ಹೊಸ ಬೀಜಕ್ಕೆ ಮುಳ್ಳು ಚುಚ್ಚಿ, ಟೀ ಗ್ಲಾಸಿನ ಬಾಯಿಗೆ ಕೂರಿಸಿ, ಅಡುಗೆ ಮನೆಯ ಕಿಟಕಿಯಲ್ಲಿಟ್ಟಳು. ನೀರು ಬದಲಿಸುವ ಕೆಲಸ ಯಾರೂ ಹೇಳದೆಯೇ ನನ್ನದಾಯಿತು. ಈ ಬೀಜ ಬಾಯಿ ಬಿಡುವವರೆಗೆ ಯಾರ ಕೂರಿಗೆಗೂ ಕೈ ಹಾಕುವುದಿಲ್ಲ ಎಂದು ಹೆಂಡತಿಗೆ ಹೇಳಿಬಿಟ್ಟೆ. ದಿನಾ ಗ್ಲಾಸು ಎತ್ತಿ ನೋಡುತ್ತಿದ್ದೆ. ಏನೂ ಇಲ್ಲ.

ಅಷ್ಟರಲ್ಲಿ ಮಳೆ ಹದವಾಗಿ ಬಿತ್ತು. ಎದುರು ಮನೆಯ ಅಜ್ಜಿ ಬಂದಳು.

"ತಮ್ಮಾ, ನಾಳಿಗೆ ಶೇಂಗಾ ಹಾಕ್ತೀವಿ. ಮುಂಜಾನಿ ಬಂದುಬಿಡು."

"ಈ ವರ್ಷ ಬ್ಯಾರೇರನ್ನ ಕರೀಬೇ. ನನ್ನ ಕೈ ಸರಿ ಇಲ್ಲ."

"ಯಾಕ, ಉಳುಕೈತೇನು?"

ಒಳಗಿನಿಂದ ಹೆಂಡತಿಯ ದನಿ ಬಂತು: "ಉಳುಕಿಲ್ಲಬೇ ಅಜ್ಜೀ. ಒಂದು ಬೀಜ ಕೊಂದಾರ, ಅದರ ಸೂತಕ ಹಿಡದಾರ!"

ಅಜ್ಜಿ ಹೊಟ್ಟೆ ಹಿಡಿದುಕೊಂಡು ನಕ್ಕಳು. "ನಾವು ಹಾಕೋದು ಶೇಂಗಾ ಕಣಪ್ಪಾ, ನಿಮ್ಮ ಆ ಕಾಯಿ ಅಲ್ಲ. ಸುಮ್ನ ಬಾ," ಎಂದು ಹೋದಳು. ಕೊಟ್ಟ ಮಾತು ನನ್ನದು, ಕರೆದವಳು ತಾಯಿಯಂಥ ಅಜ್ಜಿ. ಏನು ಮಾಡಬೇಕೆಂದು ತಿಳಿಯಲಿಲ್ಲ.

ಬೆಳಿಗ್ಗೆ ಎಂದಿನಂತೆ ನೀರು ಚೆಲ್ಲಲು ಗ್ಲಾಸು ಎತ್ತಿದೆ. ಬೀಜದ ತಳ ಸೀಳಿತ್ತು. ಸೀಳಿನಲ್ಲಿ ಇಲಿಹಲ್ಲಿನಷ್ಟು ಬೆಳ್ಳನೆಯ ಬೇರು! ನಾನು ಕೂಗಿದ ಕೂಗಿಗೆ ಮಗಳು ಸೊಂಟಕ್ಕೆ ಕೈಕೊಟ್ಟು ಎದ್ದು ಬಂದಳು.

"ಯಾರ ಕೈಗುಣ ಅಂತೀಯವ್ವಾ ಇದು?"

"ಮುಳ್ಳು ಚುಚ್ಚಿದ್ದು ನಾನು, ನೀರು ಹಾಕಿದ್ದು ನೀನು. ಅರ್ಧ ಅರ್ಧ."

ಶೇಂಗಾ ಬಿತ್ತಲು ಅರ್ಧ ಸಾಕು ಎಂದು ಟವೆಲು ಹೆಗಲಿಗೆ ಹಾಕಿ ಹೊರಟೆ. ಆ ಸಲ ಅಜ್ಜಿಯ ಹೊಲದಲ್ಲಿ ಯಾವ ಸಾಲಿನಲ್ಲೂ ಒಂದು ಸಸಿ ತಪ್ಪಿರಲಿಲ್ಲ.

ಈಗ ಗಿಡ ಅದೇ ಬಕೆಟ್ಟಿನಲ್ಲಿ ಮೊಣಕಾಲೆತ್ತರ ಬೆಳೆದಿದೆ. ಹಣ್ಣಿಗೆ ಇನ್ನೂ ಎಷ್ಟೋ ವರ್ಷ ಬೇಕಂತೆ. ಅಂಬೆಗಾಲಿಡುವ ಮೊಮ್ಮಗಳು ಬಂದಾಗೆಲ್ಲ ಕೆಳಗಿನ ಎಲೆಗೇ ಕೈ ಹಾಕುತ್ತಾಳೆ. ನೋಡಲು ಬಂದವರಿಗೆ ನಾನು ಗತ್ತಿನಿಂದ ಹೇಳುತ್ತೇನೆ: "ಈ ಬೀಜ ಅಪ್ಪಿತಪ್ಪಿ ಬಿಸಿಲಿಗೆ ಇಡಬ್ಯಾಡ್ರಿ." ಒಳಗೆ ಹೆಂಡತಿ ಕೆಮ್ಮುತ್ತಾಳೆ. ಆಗ ಮೊದಲನೆಯ ಬೀಜದ ಕತೆಯನ್ನೂ ಹೇಳುತ್ತೇನೆ.